ಪ್ರಾಣಿ ನಮ್ಮನ್ನು ನಂಬಿದೆ ಅಂತ ಗೊತ್ತಾಗುವುದು ಹೇಗೆ?

ಮಳೆಹನಿ
ಎಲ್ಲರಿಗೂ ನಮಸ್ಕಾರ. ಬಿಟ್ಟುಹೋದ ನಾಯಿಗಳನ್ನು ನೋಡಿಕೊಳ್ಳುವ ಕಡೆಯಿಂದ ಒಂದು ದೊಡ್ಡ ನಾಯಿಯನ್ನು ಮನೆಗೆ ತಂದಿದ್ದೇವೆ. ಹೆಣ್ಣು. ಮರಿಯಲ್ಲ, ಮೂರ್ನಾಲ್ಕು ವರ್ಷ ಇರಬಹುದು ಅಂತ ಅಲ್ಲಿಯವರು ಹೇಳಿದರು. ಮೊದಲು ಯಾರ ಹತ್ತಿರ ಇತ್ತು, ಏನಾಯಿತು ಅನ್ನುವುದು ಯಾರಿಗೂ ಗೊತ್ತಿಲ್ಲ.

ಬೊಗಳುವುದಿಲ್ಲ, ಕಚ್ಚುವುದಿಲ್ಲ, ಏನನ್ನೂ ಹಾಳು ಮಾಡುವುದಿಲ್ಲ. ಯಾರು ಮುಟ್ಟಿದರೂ ಸುಮ್ನೆ ಬಿದ್ದಿರುತ್ತಾಳೆ. ನೋಡಿದವರೆಲ್ಲ "ಎಷ್ಟು ಸಾಧು, ಎಷ್ಟು ಬೇಗ ನಂಬಿಬಿಟ್ಟಿದೆ ನಿಮ್ಮನ್ನ" ಅನ್ನುತ್ತಾರೆ. ನನಗೆ ಯಾಕೋ ಹಾಗನ್ನಿಸುತ್ತಿಲ್ಲ. ನಾವು ಎದುರಿಗಿದ್ದರೆ ಊಟಕ್ಕೆ ಬಾಯಿ ಹಾಕುವುದಿಲ್ಲ. ಎಲ್ಲರೂ ಬೇರೆ ಕೋಣೆಗೆ ಹೋದ ಮೇಲೆಯೇ ತಿನ್ನುವುದು. ತಲೆ ಸವರುವಾಗ ಮೈಯೆಲ್ಲ ಬಿಗಿಯಾಗಿರುತ್ತದೆ.

ನನ್ನ ಪ್ರಶ್ನೆ ಇಷ್ಟೇ. ಪ್ರಾಣಿ ನಮ್ಮನ್ನು ನಂಬಿದೆ ಅಂತ ಯಾವುದರಿಂದ ತಿಳಿಯಬೇಕು? ನಾಯಿಯೇ ಆಗಬೇಕೆಂದಿಲ್ಲ. ಬೆಕ್ಕು, ಹಸು, ಕುದುರೆ, ಹಕ್ಕಿ, ಯಾವುದರ ಜೊತೆ ಇದ್ದವರಾದರೂ ಹೇಳಿ.

ಬೂದಿಬೆಕ್ಕು
ನಿಮ್ಮ ಅನುಮಾನ ಸರಿಯಾಗಿಯೇ ಇದೆ ಅನ್ನಿಸುತ್ತೆ. ನನ್ನದು ಪೂರ್ತಿ ಬೆಕ್ಕಿನ ಲೋಕ. ಬೆಕ್ಕು ಮಡಿಲಿಗೆ ಬಂತಾ ಅಂತ ನಾನು ನೋಡುವುದಿಲ್ಲ. ಚಳಿಯಾದರೆ ಯಾರ ಮಡಿಲಾದರೂ ಆಗುತ್ತದೆ ಅದಕ್ಕೆ. ನನ್ನ ಕಡೆಗೆ ಬೆನ್ನು ಹಾಕಿ ಕೂರುತ್ತದಾ ಅಂತ ನೋಡುತ್ತೇನೆ. ಹಿಂದಿನಿಂದ ಅಪಾಯ ಬರುವುದಿಲ್ಲ ಅಂತ ಖಾತ್ರಿ ಇದ್ದರೆ ಮಾತ್ರ ಬೆಕ್ಕು ಹಾಗೆ ಕೂರುತ್ತದೆ.

ಇನ್ನೊಂದು, ಕಣ್ಣು. ನೆಟ್ಟ ನೋಟದಲ್ಲಿ ನೋಡಬೇಡಿ. ಅರೆಗಣ್ಣು ಮಾಡಿ, ನಿಧಾನವಾಗಿ ಮುಚ್ಚಿ ತೆಗೆಯಿರಿ. ಬೆಕ್ಕು ತಾನೂ ಹಾಗೇ ಮಾಡುತ್ತದೆ. ಇದು ಅಜ್ಜಿಕಥೆ ಅಂದುಕೊಂಡಿದ್ದೆ. 2020ರಲ್ಲಿ ಬ್ರಿಟನ್ನಿನ ಸಸೆಕ್ಸ್ ಮತ್ತು ಪೋರ್ಟ್ಸ್‌ಮತ್ ವಿಶ್ವವಿದ್ಯಾಲಯಗಳ ಸಂಶೋಧಕರು ಪರೀಕ್ಷಿಸಿಯೇ ನೋಡಿದರು. ಅಪರಿಚಿತರು ನಿಧಾನವಾಗಿ ಕಣ್ಣು ಮಿಟುಕಿಸಿ ಕೈ ಚಾಚಿದಾಗ, ಸುಮ್ಮನೆ ಕೈ ಚಾಚಿದ್ದಕ್ಕಿಂತ ಹೆಚ್ಚಾಗಿ ಬೆಕ್ಕುಗಳು ಹತ್ತಿರ ಬಂದವು. ನಾಯಿಗೆ ಇದು ಹೀಗೇ ನಡೆಯುತ್ತೆ ಅಂತ ನಾನು ಹೇಳಲಾರೆ. ಆದರೆ ದಿಟ್ಟಿಸಿ ನೋಡದಿರುವುದು ಎಲ್ಲಕ್ಕೂ ಒಳ್ಳೆಯದೇ.

ರಾತ್ರಿಪಾಳಿ
ನಾನು ಪಶುವೈದ್ಯೆ. "ಏನು ಮಾಡಿದರೂ ಸುಮ್ಮನಿರುತ್ತೆ ಡಾಕ್ಟ್ರೇ, ತುಂಬಾ ಒಳ್ಳೇದು" ಅಂತ ಜನ ಹೇಳಿದಾಗಲೆಲ್ಲ ನಾನು ಆ ನಾಯಿಯನ್ನು ಇನ್ನೊಮ್ಮೆ ನೋಡುತ್ತೇನೆ. ಸುಮ್ಮನಿರುವ ನಾಯಿ ನಿರಾಳವಾಗಿಯೇ ಇರಬೇಕು ಅಂತೇನಿಲ್ಲ.

ಮೈ ನೋಡಿ. ಬಾಯಿ ಬಿಗಿಯಾಗಿ ಮುಚ್ಚಿದೆಯಾ? ತಿನ್ನಲು ಏನೂ ಇಲ್ಲದಿದ್ದರೂ ತುಟಿ ನೆಕ್ಕಿಕೊಳ್ಳುತ್ತಿದೆಯಾ? ನಿದ್ದೆ ಬರದಿದ್ದರೂ ಆಕಳಿಸುತ್ತಿದೆಯಾ? ತಲೆ ಆಚೆ ತಿರುಗಿಸಿ ಕಣ್ಣಿನ ಬಿಳಿ ಕಾಣುವ ಹಾಗೆ ಓರೆನೋಟ ಬೀರುತ್ತಿದೆಯಾ? ಇವೆಲ್ಲ "ಸಾಕು, ಬಿಡು" ಅನ್ನುವ ಮಾತುಗಳು. ಬಾಲ ಅಲ್ಲಾಡಿದರೆ ಖುಷಿ ಅನ್ನುವುದೂ ಅರ್ಧ ಸತ್ಯ. ಸೊಂಟದ ಸಮೇತ ಸಡಿಲವಾಗಿ ಆಡುವ ಬಾಲ ಬೇರೆ. ನೆಟ್ಟಗೆ ನಿಂತು ತುದಿಯಷ್ಟೇ ನಡುಗುವ ಬಾಲ ಬೇರೆ.

1967ರಲ್ಲಿ ಅಮೆರಿಕದ ಮನಶ್ಶಾಸ್ತ್ರಜ್ಞರಾದ ಮಾರ್ಟಿನ್ ಸೆಲಿಗ್ಮನ್ ಮತ್ತು ಸ್ಟೀವನ್ ಮೇಯರ್ ನಾಯಿಗಳ ಮೇಲೆ ಒಂದು ಪ್ರಯೋಗ ಮಾಡಿದರು. ಇವತ್ತಿಗೆ ಓದಲೂ ಕಷ್ಟ. ಕೆಲವು ನಾಯಿಗಳಿಗೆ ವಿದ್ಯುತ್ ಶಾಕ್ ಕೊಟ್ಟರು. ಏನು ಮಾಡಿದರೂ ಅದು ನಿಲ್ಲುತ್ತಿರಲಿಲ್ಲ. ಆಮೇಲೆ ಅವೇ ನಾಯಿಗಳನ್ನು ಸಣ್ಣ ತಡೆಯೊಂದನ್ನು ಹಾರಿದರೆ ಶಾಕ್‌ನಿಂದ ಪಾರಾಗಬಹುದಾದ ಜಾಗದಲ್ಲಿ ಬಿಟ್ಟರು. ಹೆಚ್ಚಿನವು ಹಾರಲಿಲ್ಲ. ಮಲಗಿ ಸಹಿಸಿಕೊಂಡವು. ತಾನೇನು ಮಾಡಿದರೂ ವ್ಯತ್ಯಾಸವಾಗುವುದಿಲ್ಲ ಅಂತ ತಿಳಿದುಕೊಂಡ ಪ್ರಾಣಿ ಹೊರಗಿನಿಂದ "ಸಾಧು"ವಾಗಿಯೇ ಕಾಣುತ್ತದೆ.

ನಿಮ್ಮ ನಾಯಿ ಆ ಸ್ಥಿತಿಯಲ್ಲೇ ಇದೆ ಅಂತ ನಾನು ಹೇಳುತ್ತಿಲ್ಲ. ಒಂದು ಸಣ್ಣ ಪರೀಕ್ಷೆ ಮಾಡಿ ನೋಡಿ. ಅವಳೇ ಹತ್ತಿರ ಬಂದಾಗ ಎದೆಯನ್ನೋ ಭುಜವನ್ನೋ ಮೂರ್ನಾಲ್ಕು ಸೆಕೆಂಡ್ ಸವರಿ. ತಲೆಯ ಮೇಲಿಂದ ಕೈ ತರಬೇಡಿ. ಆಮೇಲೆ ಕೈ ತೆಗೆದು ಸುಮ್ಮನೆ ಕೂತುಬಿಡಿ. ಅವಳಿಗೆ ಬೇಕಿದ್ದರೆ ಮೂಗಿನಿಂದ ತಳ್ಳುತ್ತಾಳೆ, ಇನ್ನಷ್ಟು ಒರಗುತ್ತಾಳೆ. ಬೇಡದಿದ್ದರೆ ಅಲ್ಲೇ ಇರುತ್ತಾಳೆ ಅಥವಾ ಎದ್ದು ಹೋಗುತ್ತಾಳೆ. ಎದ್ದು ಹೋದರೆ ಹಿಂದೆ ಹೋಗಬೇಡಿ. ಮನೆಯವರೆಲ್ಲರಿಗೂ ಈ ನಿಯಮ ಒಂದೇ ಇರಲಿ. ಎದ್ದು ಹೋಗಬಹುದು ಅಂತ ಅವಳಿಗೆ ಗೊತ್ತಾಗುವವರೆಗೆ, ಅವಳು ಉಳಿದುಕೊಂಡಿದ್ದರಿಂದ ನಮಗೇನೂ ತಿಳಿಯುವುದಿಲ್ಲ.

ಊಟಕ್ಕೆ ಅವಳ ಪಾತ್ರೆಯನ್ನು ಗೋಡೆ ಮೂಲೆಯಿಂದ ಈಚೆ ಇಡಿ. ಎರಡು ಕಡೆ ದಾರಿ ಕಾಣಬೇಕು. ಒಬ್ಬರು ದೂರದಲ್ಲಿ, ಪಕ್ಕಕ್ಕೆ ತಿರುಗಿ, ಏನೋ ಓದುತ್ತಾ ಕೂರಿ. ಊಟವನ್ನು ಕೈಯಲ್ಲಿ ಹಿಡಿದು "ಬಾ ಬಾ" ಅಂತ ಕರೆಯಬೇಡಿ. ಹಸಿವಿಗೂ ಹೆದರಿಕೆಗೂ ನಡುವೆ ಅವಳನ್ನು ಸಿಕ್ಕಿಸಿದ ಹಾಗಾಗುತ್ತದೆ.

ಅನುಮಾನಪಕ್ಷಿ
ಯಾರೂ ಬೇಜಾರು ಮಾಡಿಕೊಳ್ಳಬೇಡಿ, ನನ್ನ ಕೆಲಸವೇ ತಕರಾರು ತೆಗೆಯುವುದು. ನಂಬಿಕೆ, ಪ್ರೀತಿ ಅನ್ನುವುದೆಲ್ಲ ನಾವು ಪ್ರಾಣಿಗಳಿಗೆ ಹಚ್ಚುವ ಬಣ್ಣ ಅಲ್ವಾ? ಅನ್ನ ಹಾಕುವ ಕೈ ಹಿಂದೆ ಬರುತ್ತವೆ. ಅಷ್ಟೇ.

ಹಚಿಕೊ ಕಥೆ ಎಲ್ಲರಿಗೂ ಗೊತ್ತು. ಟೋಕಿಯೊದ ಪ್ರೊಫೆಸರ್ ಉಯೆನೊ 1925ರಲ್ಲಿ ತೀರಿಕೊಂಡರು. ನಾಯಿ 1935ರವರೆಗೆ ಶಿಬುಯಾ ರೈಲು ನಿಲ್ದಾಣಕ್ಕೆ ಬರುತ್ತಿತ್ತು. ಸತ್ತ ಮೇಲೆ ಅದರ ಹೊಟ್ಟೆಯಲ್ಲಿ ಮಾಂಸ ಚುಚ್ಚಿ ಸುಡುವ ಕಡ್ಡಿಗಳು ಸಿಕ್ಕಿದವು. ನಿಲ್ದಾಣದ ಹತ್ತಿರ ತಿನ್ನಲು ಸಿಗುತ್ತಿತ್ತು ಅಂತಾಯಿತು. ಬರದೆ ಇರುತ್ತದೆಯೇ?

"ತಪ್ಪು ಮಾಡಿದ್ದು ಅದಕ್ಕೇ ಗೊತ್ತು, ಮುಖ ನೋಡಿ" ಅನ್ನುತ್ತಾರಲ್ಲ, ಅದೂ ಹಾಗೇ. 2009ರಲ್ಲಿ ನಾಯಿಗಳ ವರ್ತನೆ ಅಧ್ಯಯನ ಮಾಡುವ ಅಲೆಕ್ಸಾಂಡ್ರಾ ಹೊರೊವಿಟ್ಜ್ ಇದನ್ನು ಪರೀಕ್ಷಿಸಿದರು. ನಾಯಿ ನಿಜಕ್ಕೂ ತಿಂಡಿ ಕದ್ದಿದೆಯೋ ಇಲ್ಲವೋ ಅನ್ನುವುದಕ್ಕೂ ಆ "ತಪ್ಪಿತಸ್ಥ" ಮುಖಕ್ಕೂ ಸಂಬಂಧವೇ ಇರಲಿಲ್ಲ. ಯಜಮಾನರು ಬೈದಾಗ ಆ ಮುಖ ಬರುತ್ತಿತ್ತು. ಏನೂ ತಿನ್ನದ ನಾಯಿಯನ್ನು ಬೈದಾಗ ಇನ್ನೂ ಜಾಸ್ತಿ. ನಾವು ಪಶ್ಚಾತ್ತಾಪ ಅಂದುಕೊಂಡಿದ್ದು ಬರೀ ಹೆದರಿಕೆ.

ಕಿಟಕಿಪಕ್ಕ
ಹೊರೊವಿಟ್ಜ್ ಉದಾಹರಣೆ ಒಪ್ಪಿದೆ. ಆದರೆ ಅದು ನಿಮ್ಮ ವಾದಕ್ಕಿಂತ ಡಾಕ್ಟರ್ ಮೇಡಂ ವಾದಕ್ಕೇ ಹೆಚ್ಚು ಸಹಾಯ ಮಾಡುತ್ತೆ. ಪ್ರಾಣಿಗೆ ಭಾವನೆ ಇಲ್ಲ ಅಂತ ಅದು ತೋರಿಸಲಿಲ್ಲ. ನಾವು ತಪ್ಪಾಗಿ ಓದುತ್ತೇವೆ ಅಂತ ತೋರಿಸಿತು.

ಹಚಿಕೊ ವಿಷಯದಲ್ಲಿ ಒಂದು ಮಾತು ಬಿಟ್ಟಿರಿ. ಆ ನಾಯಿ ಪ್ರಸಿದ್ಧವಾಗಿದ್ದು 1932ರಲ್ಲಿ ಪತ್ರಿಕೆಯಲ್ಲಿ ಸುದ್ದಿ ಬಂದ ಮೇಲೆ. ಅದಕ್ಕೂ ಮುಂಚಿನ ವರ್ಷಗಳಲ್ಲಿ ನಿಲ್ದಾಣದ ಸುತ್ತಲಿನ ಜನ ಅದನ್ನು ಓಡಿಸುತ್ತಿದ್ದರು. ಆಗಲೂ ಅದು ಬರುತ್ತಿತ್ತು.

ಅನ್ನ ಹಾಕುವುದೇ ಎಲ್ಲ ಅನ್ನುವುದನ್ನು ವಿಜ್ಞಾನಿಗಳು ಬೇರೆ ಬೇರೆ ಕಡೆಯಿಂದ ಕೆಣಕಿ ನೋಡಿದ್ದಾರೆ. ನಮ್ಮ ದೇಶದ್ದೇ ಒಂದು ಇದೆ. ಕೋಲ್ಕತ್ತಾದ ಐಸರ್ ಅನ್ನುವ ವಿಜ್ಞಾನ ಸಂಶೋಧನಾ ಸಂಸ್ಥೆಯ ತಂಡ 2017ರಲ್ಲಿ ಬೀದಿನಾಯಿಗಳ ಮೇಲೆ ಮಾಡಿದ್ದು. ಅಪರಿಚಿತರೊಬ್ಬರು ಕೆಲವು ನಾಯಿಗಳಿಗೆ ಪದೇ ಪದೇ ತಿನ್ನಲು ಕೊಟ್ಟರು. ಇನ್ನು ಕೆಲವಕ್ಕೆ ತಲೆ ಸವರಿದರು. ಸವರಿಸಿಕೊಂಡ ನಾಯಿಗಳೇ ಆ ವ್ಯಕ್ತಿಯ ಹತ್ತಿರ ಹೆಚ್ಚು ಸಲೀಸಾಗಿ ಬರತೊಡಗಿದವು. ಬೀದಿನಾಯಿಗೆ ಊಟ ಎಷ್ಟು ದೊಡ್ಡದು ಅಂತ ಯೋಚಿಸಿ.

ಹಂಗೇರಿಯ ಬುಡಾಪೆಸ್ಟ್‌ನಲ್ಲಿ 1998ರಲ್ಲಿ ಇನ್ನೊಂದು ಮಾಡಿದರು. ಪುಟ್ಟ ಮಕ್ಕಳು ತಾಯಿಗೆ ಎಷ್ಟು ಅಂಟಿಕೊಂಡಿದ್ದಾರೆ ಅಂತ ತಿಳಿಯಲು ಮನಶ್ಶಾಸ್ತ್ರಜ್ಞೆ ಮೇರಿ ಐನ್ಸ್‌ವರ್ತ್ ರೂಪಿಸಿದ ಪರೀಕ್ಷೆ ಅದು. ಹೊಸ ಕೋಣೆ, ಒಬ್ಬ ಅಪರಿಚಿತ, ತಾಯಿ ಸ್ವಲ್ಪ ಹೊತ್ತು ಹೊರಗೆ ಹೋಗಿ ಮತ್ತೆ ಬರುವುದು. ಅದನ್ನೇ ನಾಯಿಗಳಿಗೆ ಮಾಡಿದರು. ಯಜಮಾನ ಕೋಣೆಯಲ್ಲಿದ್ದಾಗ ನಾಯಿಗಳು ಹೆಚ್ಚು ಆಡಿದವು, ಮೂಸಿ ಹುಡುಕಿದವು. ಹೊರಗೆ ಹೋದಾಗ ಬಾಗಿಲ ಹತ್ತಿರ ನಿಂತವು. ಮಳೆಹನಿಯವರಿಗೆ ಧೈರ್ಯ ಕೊಡುವ ವಿಷಯ ಇದರ ಮುಂದಿನದು. 2001ರಲ್ಲಿ ಅಲ್ಲಿಯ ತಂಡವೇ ಆಶ್ರಯದಲ್ಲಿದ್ದ ದೊಡ್ಡ ನಾಯಿಗಳನ್ನು ತೆಗೆದುಕೊಂಡಿತು. ಒಬ್ಬ ವ್ಯಕ್ತಿ ಹತ್ತು ಹತ್ತು ನಿಮಿಷದಂತೆ ಮೂರು ಸಲ ಜೊತೆಗಿದ್ದರೆ ಸಾಕು, ಅವು ಆ ವ್ಯಕ್ತಿಯನ್ನು ಹಚ್ಚಿಕೊಂಡ ಲಕ್ಷಣ ತೋರಿಸಿದವು.

ಇನ್ನು ಬಾನ್-ಒಬರ್‌ಕಾಸೆಲ್. ಜರ್ಮನಿಯ ಆ ಜಾಗದಲ್ಲಿ 1914ರಲ್ಲಿ ಮನುಷ್ಯರ ಜೊತೆ ಹೂಳಿದ್ದ ನಾಯಿಮರಿಯ ಮೂಳೆಗಳು ಸಿಕ್ಕಿದವು. ಸುಮಾರು 14,000 ವರ್ಷ ಹಳೆಯದು. ಹಲ್ಲುಗಳನ್ನು ಪರೀಕ್ಷಿಸಿದಾಗ ಆ ಮರಿಗೆ ಡಿಸ್ಟೆಂಪರ್ ಅನ್ನುವ ಮಾರಕ ವೈರಸ್ ಕಾಯಿಲೆ ಬಂದಿತ್ತು, ವಾರಗಟ್ಟಲೆ ನರಳಿತ್ತು ಅಂತ ಕಂಡಿತು. ಯಾರೋ ನೋಡಿಕೊಳ್ಳದೆ ಅಷ್ಟು ದಿನ ಬದುಕುವುದು ಕಷ್ಟ. ಬೇಟೆಗೂ ಬಾರದ, ಕಾವಲಿಗೂ ಬಾರದ ಕಾಯಿಲೆ ಮರಿ ಅದು.

ಅನುಮಾನಪಕ್ಷಿ
1932ರ ವಿಷಯ ಒಳ್ಳೆಯ ಪಾಯಿಂಟ್. ತೆಗೆದುಕೊಂಡೆ.

ಆದರೂ ಒಂದು ಉಳಿಯುತ್ತದೆ. ನೀವು ಹೇಳಿದ್ದೆಲ್ಲ ನಾಯಿ ಹಚ್ಚಿಕೊಳ್ಳುತ್ತದೆ ಅನ್ನುವುದಕ್ಕೆ ಸಾಕ್ಷಿ. ಮಳೆಹನಿ ಕೇಳಿದ್ದು ನಂಬಿಕೆ ಬಗ್ಗೆ. ಹೊಡೆಯುವ ಮನುಷ್ಯನ ಹಿಂದೆಯೂ ನಾಯಿ ಹೋಗುತ್ತದೆ. ಬಾಗಿಲ ಹತ್ತಿರ ಅವನಿಗಾಗಿಯೇ ಕಾಯುತ್ತದೆ. ಅವನು ಕೈ ಎತ್ತಿದರೆ ಮುದುರಿಕೊಳ್ಳುತ್ತದೆ. ಹಚ್ಚಿಕೊಂಡಿದೆ, ನಂಬಿಲ್ಲ. ಎರಡೂ ಒಂದೇ ನಾಯಿಯಲ್ಲಿ. ಹೀಗಾಗಿ "ನನ್ನ ನಾಯಿಗೆ ನಾನಂದ್ರೆ ಪ್ರಾಣ" ಅಂತ ಯಾರಾದರೂ ಹೇಳಿದರೆ ಅದರಿಂದ ಅವರು ನಾಯಿಯನ್ನು ಹೇಗೆ ನೋಡಿಕೊಳ್ಳುತ್ತಾರೆ ಅನ್ನುವುದು ಗೊತ್ತಾಗುವುದೇ ಇಲ್ಲ.

ರಾತ್ರಿಪಾಳಿ
@ಅನುಮಾನಪಕ್ಷಿ ಈ ಇಡೀ ಚರ್ಚೆಯಲ್ಲಿ ಅತಿ ಮುಖ್ಯ ಮಾತು ನಿಮ್ಮಿಂದಲೇ ಬಂತು ನೋಡಿ.

ತರಬೇತಿಯ ವಿಷಯದಲ್ಲಿ ಇದು ತುಂಬಾ ಕಾಣುತ್ತದೆ. ಗದರಿಸಿ, ಸರಪಳಿ ಜಗ್ಗಿ ಕಲಿಸಿದ ನಾಯಿಯೂ ಹೇಳಿದ ಮಾತು ಕೇಳುತ್ತದೆ. ಪೋರ್ಚುಗಲ್‌ನಲ್ಲಿ ತರಬೇತಿ ಶಾಲೆಗಳ ನಾಯಿಗಳನ್ನು ಹೋಲಿಸಿ 2020ರಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ಶಿಕ್ಷೆಯಿಂದ ಕಲಿತ ನಾಯಿಗಳಲ್ಲಿ ತರಬೇತಿಯ ನಂತರ ಕಾರ್ಟಿಸೋಲ್, ಅಂದರೆ ಒತ್ತಡದ ಹಾರ್ಮೋನು, ಹೆಚ್ಚಿತ್ತು. ಆಕಳಿಕೆ, ತುಟಿ ನೆಕ್ಕುವುದು ಹೆಚ್ಚಿತ್ತು. ಪಾತ್ರೆಯಲ್ಲಿ ತಿಂಡಿ ಇದೆಯೋ ಇಲ್ಲವೋ ಗೊತ್ತಿಲ್ಲದ ಸಂದರ್ಭದಲ್ಲಿ ಅವು ಹಿಂಜರಿದು ನಿಧಾನವಾಗಿ ಹೋದವು, "ಇರಲಾರದು" ಅಂತ ಮೊದಲೇ ಅಂದುಕೊಂಡವರ ಹಾಗೆ. ತರಬೇತಿ ಮುಗಿದ ಮೇಲೂ ಅದು ಉಳಿದಿತ್ತು.

ಗೊರಸು
ಕುದುರೆಗಳ ಜೊತೆ ಕೆಲಸ ಮಾಡುತ್ತೇನೆ. ತಡವಾಗಿ ಬಂದಿದ್ದಕ್ಕೆ ಕ್ಷಮೆ ಇರಲಿ. ನಾಯಿಯವರು ಅದೃಷ್ಟವಂತರು. ನಾಯಿ ಬೇಟೆಯಾಡುವ ಜಾತಿ, ಮನುಷ್ಯನೂ ಹಾಗೇ. ಕುದುರೆ ಬೇಟೆಯಾಗುವ ಜಾತಿ. ಅದರ ಕಣ್ಣು ತಲೆಯ ಎರಡು ಪಕ್ಕದಲ್ಲಿವೆ. ಮೂಗಿನ ನೇರ ಎದುರಿಗೂ ಬಾಲದ ಹಿಂದೆಯೂ ಅದಕ್ಕೆ ಕಾಣದ ಜಾಗಗಳಿವೆ. ಬೆನ್ನ ಮೇಲೆ ಯಾರಾದರೂ ಹತ್ತಿದರು ಅಂದರೆ ಅದರ ಪೂರ್ವಿಕರ ಪಾಲಿಗೆ ಹುಲಿಯೋ ಸಿಂಹವೋ ಹಾರಿತು ಅಂತಲೇ. ಅಂಥ ಪ್ರಾಣಿ ನಮ್ಮನ್ನು ಬೆನ್ನ ಮೇಲೆ ಕೂರಿಸಿಕೊಳ್ಳುತ್ತದೆ. ನನಗೆ ಇದು ಇವತ್ತಿಗೂ ಸೋಜಿಗ.

ಲಾಯದಲ್ಲೂ ಡಾಕ್ಟರ್ ಹೇಳಿದ ಸಮಸ್ಯೆ ಇದೆ. ಪಟಾಕಿ ಸಿಡಿದರೂ ಕದಲದ ಕುದುರೆಗೆ ಜಾಸ್ತಿ ಬೆಲೆ. ಅದರಲ್ಲಿ ಕೆಲವು ನಿಜವಾಗಿ ನೆಮ್ಮದಿಯ ಕುದುರೆಗಳು. ಕೆಲವು ಒಳಗೇ ಬಾಗಿಲು ಹಾಕಿಕೊಂಡವು. ಕಿವಿ ಆಡುವುದಿಲ್ಲ, ಕಣ್ಣು ಎಲ್ಲೋ ಇರುತ್ತದೆ. ಗುರುತಿಸುವುದು ಹೇಗೆ ಅಂದರೆ, ಹಗ್ಗ ಬಿಚ್ಚಿ ನೋಡಿ. ಬಯಲಲ್ಲಿ ಬಿಟ್ಟಾಗ ನಿಮ್ಮ ಹತ್ತಿರ ಬರುತ್ತದಾ, ಅಲ್ಲೇ ಇರುತ್ತದಾ, ಆಚೆ ಹೋಗುತ್ತದಾ. ಹಗ್ಗ ಹಿಡಿದಿರುವಷ್ಟು ಹೊತ್ತು ಅದರ ಮನಸ್ಸು ನಿಮಗೆ ತಿಳಿಯುವುದಿಲ್ಲ.

ಅನುಮಾನಪಕ್ಷಿಯವರೇ, ನೀವು ಬರ್ಲಿನ್ನಿನ "ಜಾಣ ಹಾನ್ಸ್" ಕುದುರೆಯ ಉದಾಹರಣೆ ಇನ್ನೂ ಕೊಟ್ಟಿಲ್ಲವಲ್ಲ ಅಂತ ಆಶ್ಚರ್ಯ. ಅದಕ್ಕೇ ನಾನೇ ಕೊಡುತ್ತೇನೆ. ಗೊರಸು ತಟ್ಟಿ ಲೆಕ್ಕ ಹೇಳುತ್ತಿತ್ತು ಆ ಕುದುರೆ. 1907ರಲ್ಲಿ ಆಸ್ಕರ್ ಫುಂಗ್ಸ್ಟ್ ಪರೀಕ್ಷಿಸಿದಾಗ ಗುಟ್ಟು ಗೊತ್ತಾಯಿತು. ಅದಕ್ಕೆ ಲೆಕ್ಕ ಬರುತ್ತಿರಲಿಲ್ಲ. ಸರಿಯುತ್ತರದ ಸಂಖ್ಯೆ ಬಂದ ಕೂಡಲೇ ಪ್ರಶ್ನೆ ಕೇಳಿದವರ ತಲೆ, ಮೈ ಕೂದಲೆಳೆಯಷ್ಟು ಅಲ್ಲಾಡುತ್ತಿತ್ತು. ಅವರಿಗೇ ಅದು ಗೊತ್ತಿರಲಿಲ್ಲ. ಕುದುರೆ ಅದನ್ನು ನೋಡಿ ತಟ್ಟುವುದನ್ನು ನಿಲ್ಲಿಸುತ್ತಿತ್ತು. ಜನ ಇದನ್ನು ಕುದುರೆಯ ದಡ್ಡತನಕ್ಕೆ ಸಾಕ್ಷಿ ಅಂತ ಹೇಳುತ್ತಾರೆ. ನನ್ನ ಪ್ರಕಾರ ಲೆಕ್ಕಕ್ಕಿಂತ ಇದೇ ದೊಡ್ಡದು. ನಮ್ಮ ಮೈಯನ್ನು ನಮಗಿಂತ ಚೆನ್ನಾಗಿ ಓದುವ ಪ್ರಾಣಿ ಎದುರು "ಹೆದರಬೇಡ, ಏನೂ ಇಲ್ಲ" ಅಂತ ಬಾಯಲ್ಲಿ ಹೇಳಿ, ಹಗ್ಗ ಹಿಡಿದ ಕೈಯನ್ನು ಬಿಗಿ ಮಾಡಿದರೆ ಅದು ಯಾವುದನ್ನು ನಂಬಬೇಕು?

ನೆನಪೂ ಇದೆ ಅವಕ್ಕೆ. 2018ರ ಒಂದು ಪ್ರಯೋಗದಲ್ಲಿ ಒಬ್ಬರ ಸಿಟ್ಟಿನ ಮುಖದ ಅಥವಾ ನಗುಮುಖದ ಫೋಟೊವನ್ನು ಕುದುರೆಗಳಿಗೆ ತೋರಿಸಿದರು. ಕೆಲವು ಗಂಟೆ ಬಿಟ್ಟು ಅದೇ ವ್ಯಕ್ತಿ ಸಾಮಾನ್ಯ ಮುಖದಲ್ಲಿ ಎದುರಿಗೆ ಬಂದು ನಿಂತರು. ಸಿಟ್ಟಿನ ಫೋಟೊ ನೋಡಿದ್ದ ಕುದುರೆಗಳು ಅವರನ್ನು ಹೆಚ್ಚಾಗಿ ಎಡಗಣ್ಣಿನಿಂದ ನೋಡಿದವು. ಅಪಾಯ ಅನ್ನಿಸಿದ್ದನ್ನು ಅವು ನೋಡುವುದು ಹಾಗೆ. ಒಂದು ಫೋಟೊ ಇಷ್ಟು ಮಾಡುತ್ತದೆ.

ಕೊಟ್ಟಿಗೆಮಂದಿ
ನಾವು ಹಸು ಸಾಕುವವರು. ಇಷ್ಟೊಂದು ಸಂಶೋಧನೆ ಗೊತ್ತಿಲ್ಲ. ಒಂದೇ ಗೊತ್ತು, ಹಸುವಿನ ಗಂಗೆದೊಗಲು ಸವರಿದರೆ ಕತ್ತು ಮುಂದೆ ಚಾಚುತ್ತದೆ, ಕಿವಿ ಜೋತುಬೀಳುತ್ತದೆ. ಒಂದನ್ನೊಂದು ನೆಕ್ಕುವಾಗ ಅವು ಕತ್ತು ಕೊಡುವುದೂ ಹಾಗೆಯೇ. ಹೊಸಬರು ಬಂದು ಹಣೆ ತಟ್ಟುತ್ತಾರೆ. ಹಣೆ ತಟ್ಟುವುದು ಹಸುವಿಗೆ ಗುದ್ದಾಟದ ಕರೆ.

ಆದರೆ ನನಗೆ ಬೇರೆ ಪ್ರಶ್ನೆ ಇದೆ, ಸುಮಾರು ವರ್ಷದಿಂದ. ಕರುವನ್ನು ತಾಯಿಯಿಂದ ಬೇರೆ ಮಾಡುವವರು ನಾವು. ವಯಸ್ಸಾದ ಮೇಲೆ ಕಳಿಸುವವರೂ ನಾವು. ಲಾರಿ ಹತ್ತದ ಹಸು ಕೂಡ ನಾನು ಮುಂದೆ ನಡೆದರೆ ಹಿಂದೆ ಹತ್ತುತ್ತದೆ. ನನ್ನನ್ನು ನಂಬಿದ್ದಕ್ಕೇ ಹತ್ತುತ್ತದೆ. ನೀವೆಲ್ಲ ನಂಬಿಕೆ ಗಳಿಸುವುದು ಹೇಗೆ ಅಂತ ಮಾತಾಡುತ್ತಿದ್ದೀರಿ. ಗಳಿಸಿದ ಮೇಲೆ ಅದನ್ನು ಏನು ಮಾಡುತ್ತೇವೆ ಅಂತ ಯಾರೂ ಹೇಳುತ್ತಿಲ್ಲ.

ಅನುಮಾನಪಕ್ಷಿ
ಇದಕ್ಕೆ ತಕರಾರಿಲ್ಲ. ಲೈಕಾ ನೆನಪಾಯಿತು. ಮಾಸ್ಕೋದ ಬೀದಿನಾಯಿ. ಶಾಂತ ಸ್ವಭಾವದ್ದು ಅಂತಲೇ ಆರಿಸಿದ್ದು. 1957ರ ನವೆಂಬರ್ 3ರಂದು ಸ್ಪುಟ್ನಿಕ್-2 ಉಪಗ್ರಹದಲ್ಲಿ ಬಾಹ್ಯಾಕಾಶಕ್ಕೆ ಕಳಿಸಿದರು. ವಾಪಸ್ ತರುವ ವ್ಯವಸ್ಥೆ ಮೊದಲಿನಿಂದಲೂ ಇರಲಿಲ್ಲ. ಉಡಾವಣೆಗೆ ಮುಂಚೆ ವಿಜ್ಞಾನಿಯೊಬ್ಬರು ಅದನ್ನು ಮನೆಗೆ ಕರೆದುಕೊಂಡು ಹೋಗಿ ತಮ್ಮ ಮಕ್ಕಳ ಜೊತೆ ಆಡಲು ಬಿಟ್ಟಿದ್ದರು. ಅದು ಕೆಲವೇ ಗಂಟೆಗಳಲ್ಲಿ ಬಿಸಿಗೆ ಸತ್ತಿತ್ತು ಅನ್ನುವುದು ಹೊರಗೆ ಬಂದದ್ದು 2002ರಲ್ಲಿ. ಆ ತಂಡದಲ್ಲಿದ್ದ ಒಲೆಗ್ ಗಜೆಂಕೊ 1998ರಲ್ಲಿ, ಹಾಗೆ ಮಾಡಬಾರದಿತ್ತು ಅಂತ ಹೇಳಿಕೊಂಡಿದ್ದರು.

ಗೂಡಿನೊಳಗೆ ಅಲ್ಲಾಡದೆ ಕೂರಲು ಕಲಿತಿತ್ತು ಅದು, ಕಲಿಸಿದ ಕೈಗಳನ್ನು ನಂಬಿ.

ಹಕ್ಕಿನೋಟ
ಕೊಟ್ಟಿಗೆಮಂದಿ ಅವರ ಪ್ರಶ್ನೆಗೆ ನನ್ನ ಹತ್ತಿರ ಉತ್ತರ ಇಲ್ಲ. ಆದರೆ ಯಾರೂ ಯಾರನ್ನೂ ಸಾಕದ, ಕಟ್ಟದ ಸಂಬಂಧವೂ ಒಂದಿದೆ, ಹೇಳುತ್ತೇನೆ.

ಆಫ್ರಿಕಾದಲ್ಲಿ ಹನಿಗೈಡ್ ಅನ್ನುವ ಹಕ್ಕಿ ಇದೆ. ಪೂರ್ತಿ ಕಾಡುಹಕ್ಕಿ. ಅದಕ್ಕೆ ಜೇನುಮೇಣ ಬೇಕು, ಆದರೆ ಜೇನುಹುಳುಗಳನ್ನು ಎದುರಿಸಲು ಆಗುವುದಿಲ್ಲ. ಮನುಷ್ಯನಿಗೆ ಜೇನು ಬೇಕು, ಗೂಡು ಎಲ್ಲಿದೆ ಗೊತ್ತಿಲ್ಲ. ಮೊಜಾಂಬಿಕ್‌ನ ಯಾವೊ ಜನ ಜೇನಿಗೆ ಹೊರಟಾಗ "ಬ್ರ್‌ರ್... ಹ್ಮ್" ಅಂತ ಒಂದು ಕೂಗು ಹಾಕುತ್ತಾರೆ. ಹಕ್ಕಿ ಬಂದು ಮರದಿಂದ ಮರಕ್ಕೆ ಹಾರುತ್ತಾ ದಾರಿ ತೋರಿಸುತ್ತದೆ. ಕ್ಲೇರ್ ಸ್ಪಾಟಿಸ್‌ವುಡ್ ಮತ್ತು ಜೊತೆಗಾರರು 2016ರಲ್ಲಿ ಇದನ್ನು ಅಳೆದರು. ಬೇರೆ ಶಬ್ದ ಮಾಡಿದಾಗ ಹಕ್ಕಿ ದಾರಿ ತೋರುವ ಸಾಧ್ಯತೆ ಸುಮಾರು ಶೇ. 33, ಈ ಕೂಗಿಗೆ ಶೇ. 66. ಜೇನು ಇಳಿಸಿದ ಮೇಲೆ ಮೇಣ ಹಕ್ಕಿಗೆ. ಇಲ್ಲಿ ಪ್ರೀತಿ ಇದೆಯೋ ಇಲ್ಲವೋ ನಾನು ಹೇಳಲಾರೆ, ಆದರೆ ಎರಡು ಕಡೆಯೂ ಮಾತು ಉಳಿಸಿಕೊಳ್ಳುತ್ತವೆ.

ಮಾತು ತಪ್ಪಿದರೆ ಏನಾಗುತ್ತದೆ ಅನ್ನುವುದಕ್ಕೆ ಕಾಗೆ ಸಾಕ್ಷಿ. ಸಿಯಾಟಲ್‌ನಲ್ಲಿ ಜಾನ್ ಮಾರ್ಜ್‌ಲಫ್ ತಂಡ 2006ರಲ್ಲಿ ಗುಹಾಮಾನವನ ಮುಖವಾಡ ಹಾಕಿಕೊಂಡು ಕೆಲವು ಕಾಗೆಗಳನ್ನು ಹಿಡಿದು, ಗುರುತಿನ ಬಳೆ ಹಾಕಿ ಬಿಟ್ಟಿತು. ಆಮೇಲೆ ವರ್ಷಗಟ್ಟಲೆ ಆ ಮುಖವಾಡ ಕಂಡರೆ ಕಾಗೆಗಳು ಬೈಯುತ್ತಿದ್ದವು. ಹಿಡಿದಿದ್ದನ್ನು ನೋಡದ ಎಳೆಯ ಕಾಗೆಗಳೂ ಸೇರಿಕೊಂಡವು. ಆನೆಗಳಂತೂ ದನಿಯಲ್ಲೇ ಲೆಕ್ಕ ಹಾಕುತ್ತವೆ. ಕೆನ್ಯಾದ ಅಂಬೊಸೆಲಿಯಲ್ಲಿ ಮಸಾಯ್ ಗಂಡಸರ ದನಿಯ ರೆಕಾರ್ಡಿಂಗ್ ಕೇಳಿಸಿದಾಗ ಗುಂಪುಗೂಡಿ ಹಿಂದೆ ಸರಿದವು. ಆ ಜನರಿಗೂ ಆನೆಗಳಿಗೂ ನೀರು, ಮೇವಿಗಾಗಿ ಆಗಾಗ ಜಗಳ. ಅದೇ ಜನಾಂಗದ ಹೆಂಗಸರ, ಹುಡುಗರ ದನಿಗೆ ಅಷ್ಟು ಹೆದರಲಿಲ್ಲ. ಅಲ್ಲಿಯ ಇನ್ನೊಂದು ಜನಾಂಗವಾದ ಕಾಂಬಾ ಗಂಡಸರ ದನಿಗೂ ಅಷ್ಟೇ. ಅಂದರೆ "ಮನುಷ್ಯ" ಅಂತ ಒಂದೇ ಗಂಟು ಕಟ್ಟಿಲ್ಲ ಅವು. ಯಾವ ಮನುಷ್ಯ ಅಂತ ನೋಡುತ್ತವೆ.

ಕಾಡುಪ್ರಾಣಿ ವಿಷಯದಲ್ಲಿ ಮಾತ್ರ ನನ್ನ ಸಲಹೆ ಉಲ್ಟಾ. ಅವು ನಮ್ಮನ್ನು ನಂಬದಿರಲಿ. ಈಗಿನ ತಾಂಜಾನಿಯಾದ ಗೊಂಬೆ ಅನ್ನುವ ಕಾಡಿನಲ್ಲಿ ಜೇನ್ ಗುಡಾಲ್ 1960ರಲ್ಲಿ ಚಿಂಪಾಂಜಿಗಳ ಅಧ್ಯಯನ ಶುರು ಮಾಡಿದಾಗ ಚಿಂಪಾಂಜಿಗಳು ತಿಂಗಳುಗಟ್ಟಲೆ ಓಡಿಹೋಗುತ್ತಿದ್ದವು. ಮೊದಲು ಹತ್ತಿರ ಬಿಟ್ಟುಕೊಂಡಿದ್ದು ಡೇವಿಡ್ ಗ್ರೇಬಿಯರ್ಡ್ ಅಂತ ಅವರು ಹೆಸರಿಟ್ಟ ಗಂಡು. ಆಮೇಲೆ ಬಾಳೆಹಣ್ಣು ಇಡತೊಡಗಿದರು. ಹಣ್ಣಿನ ಜಾಗದಲ್ಲಿ ಚಿಂಪಾಂಜಿಗಳ ನಡುವೆ ಜಗಳ ಹೆಚ್ಚಿತು. ನಮ್ಮ ಶೀತ, ಕೆಮ್ಮು ಅವಕ್ಕೆ ಅಂಟಿದರೆ ಸಾಯುವಷ್ಟು ಕಷ್ಟ. ಈಗ ಸಂಶೋಧಕರು ದೂರ ಕಾಯ್ದುಕೊಳ್ಳುತ್ತಾರೆ. ಕೈಯಿಂದ ತಿನ್ನಿಸಿ ಫೋಟೊ ತೆಗೆಸಿಕೊಂಡು ನಾವು ಹೊರಟುಹೋಗುತ್ತೇವೆ. ಮುಂದೆ ಬರುವವನು ಕಲ್ಲು ಹಿಡಿದಿರುತ್ತಾನೆ.

ಬೂದಿಬೆಕ್ಕು
ಅಬ್ಬಾ, ಎಲ್ಲಿಂದ ಎಲ್ಲಿಗೆ ಬಂತು ಚರ್ಚೆ. ಬೆಕ್ಕಿನ ಪರವಾಗಿ ಒಂದು ಮಾತು. ಬೆಕ್ಕಿಗೆ ಮನೆ ಮುಖ್ಯ, ಮನುಷ್ಯ ಅಲ್ಲ ಅನ್ನುತ್ತಾರೆ. 2019ರಲ್ಲಿ ಅಮೆರಿಕದ ಓರೆಗಾನ್‌ನಲ್ಲಿ ಕ್ರಿಸ್ಟಿನ್ ವಿಟಾಲೆ ತಂಡ ಕಿಟಕಿಪಕ್ಕ ಹೇಳಿದ ಥರದ್ದೇ ಪರೀಕ್ಷೆಯನ್ನು ಬೆಕ್ಕುಮರಿಗಳಿಗೆ ಮಾಡಿತು. ಸುಮಾರು ಶೇ. 64ರಷ್ಟು ಮರಿಗಳು ಸಾಕಿದವರು ವಾಪಸ್ ಬಂದಾಗ ಒಮ್ಮೆ ಮಾತಾಡಿಸಿ, ಮತ್ತೆ ನಿರಾಳವಾಗಿ ಕೋಣೆ ಸುತ್ತಲು ಹೋದವು. ಸರಿಸುಮಾರು ಪುಟ್ಟ ಮಕ್ಕಳಲ್ಲಿ ಕಾಣುವಷ್ಟೇ.

ಡಾಕ್ಟರ್ ಮೇಡಂಗೆ ಪ್ರಶ್ನೆ. ಆಯ್ಕೆ ಕೊಡಿ, ಬಲವಂತ ಬೇಡ, ಸರಿ. ಆದರೆ ಮಾತ್ರೆ ನುಂಗಿಸಬೇಕು, ಪೆಟ್ಟಿಗೆಯಲ್ಲಿ ಹಾಕಿ ನಿಮ್ಮ ಹತ್ತಿರ ತರಬೇಕು. ಬೆಕ್ಕಿನ ಒಪ್ಪಿಗೆ ಕೇಳಿ ಕೂತರೆ ಆಗುತ್ತದಾ?

ರಾತ್ರಿಪಾಳಿ
ಆಗುವುದಿಲ್ಲ. ರಕ್ತ ಸುರಿಯುವಾಗ ಒಪ್ಪಿಗೆ ಕೇಳುವುದಿಲ್ಲ. ಟವೆಲ್ ಸುತ್ತಿ ಎತ್ತಿಕೊಂಡು ಬನ್ನಿ. ಒಂದು ಸಲದ ಬಲವಂತ ಅಷ್ಟೊಂದು ಕೆಡಿಸುವುದಿಲ್ಲ, ಉಳಿದ ದಿನಗಳು ಚೆನ್ನಾಗಿದ್ದರೆ. ದಿನಾ ನಡೆಯುವ ಸಣ್ಣ ಬಲವಂತವೇ ಹೆಚ್ಚು ಕೆಡಿಸುತ್ತದೆ.

ಮುಂಚೆಯೇ ಕಲಿಸಿಡಬಹುದಾದದ್ದು ಬಹಳ ಇದೆ. ಪೆಟ್ಟಿಗೆಯನ್ನು ಅಟ್ಟದಿಂದ ಆ ದಿನ ಮಾತ್ರ ಇಳಿಸಬೇಡಿ. ವರ್ಷವಿಡೀ ಬಾಗಿಲು ತೆರೆದು, ಒಳಗೆ ಮೆತ್ತನೆ ಬಟ್ಟೆ ಹಾಸಿ, ಮಲಗುವ ಜಾಗದಲ್ಲೇ ಇಟ್ಟುಬಿಡಿ. ನಾಯಿಗಾದರೆ ಗದ್ದ ಇಡುವುದನ್ನು ಕಲಿಸಬಹುದು. ಮಡಚಿದ ಟವೆಲ್ ಮೇಲೆ ಅದು ಗದ್ದ ಇಟ್ಟಿರುವಷ್ಟು ಹೊತ್ತು ನೀವು ಕಿವಿಯೋ ಉಗುರೋ ನೋಡುತ್ತೀರಿ. ಗದ್ದ ಎತ್ತಿತೋ, ತಕ್ಷಣ ಕೈ ಹಿಂದೆ. ಇಷ್ಟೇ ನಿಯಮ. ನಿಲ್ಲಿಸುವ ಅಧಿಕಾರ ತನ್ನ ಹತ್ತಿರ ಇದೆ ಅಂತ ಗೊತ್ತಾದರೆ ಅದು ಇನ್ನೂ ಹೆಚ್ಚು ಹೊತ್ತು ಇಡುತ್ತದೆ. ಮೃಗಾಲಯಗಳಲ್ಲಿ ದೊಡ್ಡ ಪ್ರಾಣಿಗಳಿಂದಲೂ ಅರಿವಳಿಕೆ ಇಲ್ಲದೆ ರಕ್ತ ತೆಗೆಯುವುದು ಈ ದಾರಿಯಲ್ಲೇ.

ಮತ್ತೊಂದು ಮಾತು. "ಬಾ" ಅಂತ ಕರೆದು, ಬಂದ ಕೂಡಲೇ ಸ್ನಾನಕ್ಕೋ ಇಂಜೆಕ್ಷನ್‌ಗೋ ಎಳೆದುಕೊಂಡು ಹೋಗಬೇಡಿ. ಅಂಥ ಕೆಲಸಕ್ಕೆ ನೀವೇ ಅದರ ಹತ್ತಿರ ಹೋಗಿ. ಕರೆದಾಗ ಬಂದರೆ ಒಳ್ಳೆಯದೇ ಆಗುತ್ತದೆ ಅನ್ನುವುದನ್ನು ಮುರಿಯಬೇಡಿ.

@ಕೊಟ್ಟಿಗೆಮಂದಿ ನಿಮ್ಮ ಪ್ರಶ್ನೆ ತಪ್ಪಿಸುತ್ತಿಲ್ಲ. ವಾಸಿಯಾಗದ ಪ್ರಾಣಿಗೆ ಕೊನೆಯ ಇಂಜೆಕ್ಷನ್ ಕೊಡುವುದು ನನ್ನ ಕೆಲಸದ ಭಾಗ. ಅದು ಯಜಮಾನರ ಮಡಿಲಲ್ಲಿ ತಲೆ ಇಟ್ಟಿರುತ್ತದೆ. ಕೆಲವರು ನೋಡಲಾರೆ ಅಂತ ಹೊರಗೆ ಹೋಗುತ್ತಾರೆ. ನಾನು ಅವರನ್ನು ದೂರುವುದಿಲ್ಲ, ಆದರೆ ಒಳಗಿರಿ ಅಂತ ಒಮ್ಮೆ ಕೇಳಿಕೊಳ್ಳುತ್ತೇನೆ. ನೀವು ಲಾರಿಯ ಮುಂದೆ ನಡೆಯುವುದು ಕೋಲಿನಿಂದ ಹತ್ತಿಸುವುದಕ್ಕಿಂತ ಹಸುವಿಗೆ ಒಳ್ಳೆಯದು. ಹಾಗಂತ ನಿಮ್ಮ ಪ್ರಶ್ನೆ ಕರಗುವುದಿಲ್ಲ.

ಕೊಟ್ಟಿಗೆಮಂದಿ
ಕರಗುವುದು ಬೇಡ ಮೇಡಂ. ಕೇಳಿದ್ದಕ್ಕೆ ಸುಮ್ಮನಾಗದೆ ಉತ್ತರ ಕೊಟ್ಟಿರಲ್ಲ, ಸಾಕು.

ಮಳೆಹನಿ
ಎಲ್ಲರ ಮಾತೂ ಓದುತ್ತಿದ್ದೆ. ಸ್ವಲ್ಪ ಸಮಯ ಆಯಿತು, ಈಗಿನ ಸ್ಥಿತಿ ಹೇಳುತ್ತೇನೆ.

ಕೈ ತೆಗೆದು ನೋಡುವ ಪರೀಕ್ಷೆ ಶುರು ಮಾಡಿದ ಮೇಲೆ ಅವಳು ಎದ್ದು ಹೋಗುವುದನ್ನು ಕಲಿತಳು. ಮೊದಲೆಲ್ಲ ಪ್ರತಿ ಸಲ ಎದ್ದು ಹೋಗುತ್ತಿದ್ದಳು. ಮನೆಯವರಿಗೆ ಬೇಜಾರು, "ಇದ್ದದ್ದೂ ಹೋಯಿತು" ಅಂತ. ಈಗ ಎದ್ದು ಹೋಗಿ, ತಿರುಗಿ ಬರುವುದೂ ಇದೆ. ನಾನು ಕೋಣೆಯಲ್ಲಿದ್ದರೂ ಊಟ ಮಾಡುತ್ತಾಳೆ, ಕಣ್ಣು ಮಾತ್ರ ನನ್ನ ಮೇಲೆ.

ನಿನ್ನೆ ಬೇರೆಯದೇ ಆಯಿತು. ಕಿವಿ ಹಿಂದೆ ಸವರಲು ಹೋದಾಗ ಗುರ್ ಅಂದಳು. ಇಷ್ಟು ದಿನದಲ್ಲಿ ಮೊದಲ ಸಲ ಅವಳ ದನಿ ಕೇಳಿದ್ದು. ನಾನು ಕೈ ತೆಗೆದೆ. ಮನೆಯಲ್ಲಿ ದೊಡ್ಡ ಚರ್ಚೆ. ಸಲಿಗೆ ಕೊಟ್ಟು ಹಾಳಾಯಿತು, ಈಗಲೇ ಗದರಿಸಿ ಸರಿ ಮಾಡಬೇಕು ಅನ್ನುತ್ತಿದ್ದಾರೆ. ಏನು ಮಾಡಲಿ?

ರಾತ್ರಿಪಾಳಿ
ಗದರಿಸಬೇಡಿ, ದಯವಿಟ್ಟು. ಇಷ್ಟು ದಿನ ಬೇಡ ಅನ್ನಲೂ ಹೆದರುತ್ತಿದ್ದ ನಾಯಿ ಬೇಡ ಅಂದಿದೆ. ಹೇಳಿದರೆ ನೀವು ಕೇಳುತ್ತೀರಿ ಅಂತ ಅನ್ನಿಸಿದ್ದರಿಂದ ಅಂದಿದೆ. ನೀವು ಕೈ ತೆಗೆದಿರಿ. ಸರಿಯಾಯಿತು. ಗುರ್ ಅನ್ನುವುದಕ್ಕೆ ಶಿಕ್ಷೆ ಕೊಟ್ಟರೆ ಮುಂದಿನ ಸಲ ಗುರ್ ಅನ್ನದೆ ನೇರ ಕಚ್ಚುವುದನ್ನು ಕಲಿಯುತ್ತದೆ. ಮಕ್ಕಳಿದ್ದರೆ ಅವಳ ಜೊತೆ ಒಬ್ಬರನ್ನೇ ಬಿಡಬೇಡಿ. ಮಲಗಿದ್ದಾಗ ಯಾ‌ರೂ ತಬ್ಬಿಕೊಳ್ಳಬಾರದು.

ಇನ್ನೊಂದು, ಕಿವಿ ಹಿಂದೆಯೇ ಯಾಕೆ? ತಲೆ ಒದರುತ್ತಾಳಾ, ಕಿವಿ ಕೆರೆದುಕೊಳ್ಳುತ್ತಾಳಾ, ವಾಸನೆ ಇದೆಯಾ ನೋಡಿ. ನನಗೆ ನೋವಿನ ಅನುಮಾನ.

ಮಳೆಹನಿ
ಎರಡೂ ಕಿವಿಯಲ್ಲಿ ಸೋಂಕು! ಹಳೆಯದು, ತಂದಾಗಿನಿಂದಲೇ ಇದ್ದಿರಬೇಕು ಅಂದರು ಇಲ್ಲಿಯ ಡಾಕ್ಟರು. ಅಷ್ಟು ದಿನ ತಲೆ ಸವರಿದವರೆಲ್ಲ ಆ ನೋವಿನ ಮೇಲೇ ಸವರುತ್ತಿದ್ದರು. ಅವಳು ಸುಮ್ಮನೆ ಬಿದ್ದಿದ್ದಳು.

ಈಗ ದಿನಾ ಕಿವಿಗೆ ಔಷಧಿ ಹನಿ ಹಾಕಬೇಕು. ಗದ್ದ ಇಡುವುದನ್ನು ಕಲಿಸಲು ಸಮಯ ಇಲ್ಲ, ಇವತ್ತಿನಿಂದಲೇ ಶುರು ಮಾಡಬೇಕು. ಯಾರು ಹಾಕುವುದು, ಹೇಗೆ?

ರಾತ್ರಿಪಾಳಿ
ಒಬ್ಬರೇ ಹಾಕಿ, ಒಂದೇ ಜಾಗದಲ್ಲಿ. ಅವಳು ಮಲಗುವ, ಊಟ ಮಾಡುವ ಜಾಗ ಬೇಡ. ಶೀಸೆಯನ್ನು ಅಂಗೈಯಲ್ಲಿ ಬೆಚ್ಚಗೆ ಮಾಡಿಕೊಳ್ಳಿ, ತಣ್ಣನೆ ಹನಿ ಬಿದ್ದರೆ ಬೆಚ್ಚಿಬೀಳುತ್ತಾಳೆ. ಎದುರು ನಿಲ್ಲದೆ ಪಕ್ಕದಲ್ಲಿ ಕೂರಿ. ಪ್ರತಿ ಸಲ ಶುರು ಮಾಡುವ ಮುಂಚೆ ಒಂದೇ ಮಾತು ಹೇಳಿ, "ಕಿವಿ" ಅಂತ. ಆ ಮಾತು ಹೇಳದೆ ಯಾವತ್ತೂ ಕಿವಿ ಮುಟ್ಟಬೇಡಿ. ಆಗ ಉಳಿದ ಹೊತ್ತಿನಲ್ಲಿ ನಿಮ್ಮ ಕೈಯನ್ನು ಕಾಯುತ್ತಾ ಕೂರಬೇಕಿಲ್ಲ ಅವಳು. ಮುಗಿದ ಕೂಡಲೇ ಅವಳಿಗೆ ಇಷ್ಟವಾದದ್ದು ಏನಾದರೂ ಕೊಟ್ಟು ಬಿಟ್ಟುಬಿಡಿ. ಬಿಗಿ ಹಿಡಿಯಬೇಕಾಗಿ ಬಂದರೆ ಮೊದಲು ಬಾಯಿಗವಸು ಹಾಕಲು ಅಲ್ಲಿಯ ಡಾಕ್ಟರ ಹತ್ತಿರ ಕೇಳಿ ಕಲಿತುಕೊಳ್ಳಿ. ನೋವು ಕಡಿಮೆಯಾಗುವ ಮಾತ್ರೆ ಕೊಟ್ಟಿದ್ದಾರಾ? ಇಲ್ಲದಿದ್ದರೆ ಇವತ್ತೇ ಫೋನ್ ಮಾಡಿ ಕೇಳಿ. ನೋವು ಇಳಿದರೆ ಅರ್ಧ ಕೆಲಸ ಸುಲಭ.

ಅನುಮಾನಪಕ್ಷಿ
ಒಂದು ವಾರ ಬಿಟ್ಟು ಮತ್ತೆ ಬರೆಯಿರಿ. ಆ ನಾಯಿ ಇನ್ನೂ ಯಾರ್‍ಯಾರಿಗೆ ಗುರ್ ಅಂತು ಅಂತ ತಿಳಿಯಬೇಕು ನನಗೆ.